ಕಣ್ಣಿಗೆ ಔಷಧಿ ಹಾಕಿಕೊಂಡಿದ್ದರೂ…

ಮೊನ್ನೆ ಏಳನೇ ಕ್ಲಾಸಿನ ನನ್ನ ಮೊಮ್ಮಗಳು ಮೊಬೈಲ್ ನೋಡುತ್ತಾ ಕೇಳಿದಳು. "ತಾತಾ, ನಮ್ಮ ಬೀದಿ ಬೇಕರಿ ಕೇಕಿನಲ್ಲಿ ಹುಳ ಇತ್ತು ಅಂತ ಎಲ್ಲರಿಗೂ ಕಳಿಸಿದ್ದೀರಲ್ಲ, ನೀವೇ ನೋಡಿದ್ರಾ?"

"ಇಲ್ಲಮ್ಮ, ಯಾರೋ ಕಳಿಸಿದ್ರು, ಹಾಗೇ ಫಾರ್ವರ್ಡ್ ಮಾಡಿದೆ."

"ಸುಳ್ಳಾದ್ರೆ ಬೈಸಿಕೊಳ್ಳೋದು ಯಾರು?"

ನನಗೆ ಬ್ಯಾಂಕಿನ ಕೌಂಟರ್ ನೆನಪಾಯಿತು. ಮಕ್ಕಳೇ, ಆಗೆಲ್ಲ ತಮಗೆ ಬಂದ ಚೆಕ್ಕಿನ ಹಿಂದೆ ಸಹಿ ಹಾಕಿ ಇನ್ನೊಬ್ಬರಿಗೆ ದಾಟಿಸುತ್ತಿದ್ದರು. ಚೆಕ್ ಬರೆದವನು ಬೇರೆ. ಆದರೂ ಅದು ವಾಪಸಾದರೆ ಹಿಂದೆ ಸಹಿ ಹಾಕಿದವನೂ ಹೊಣೆ. 1881ರ ಕಾಯ್ದೆ ಹೇಳುವುದೇ ಹಾಗೆ. ಹೊಣೆ ಬೇಡವೆಂದರೆ ಸಹಿಯ ಜೊತೆಗೇ ಹಾಗೆಂದು ಬರೆಯಬೇಕು. (ಬರೆದರೆ ಅಂಥ ಚೆಕ್ಕನ್ನು ಯಾರು ತಗೊಳ್ತಾರೆ, ಬಿಡಿ!)

ಫಾರ್ವರ್ಡಿಗೂ ಇದೇ ಲೆಕ್ಕ. ತಮಿಳುನಾಡಿನ ನಟ, ಮಾಜಿ ಶಾಸಕ ಎಸ್.ವಿ. ಶೇಖರ್ 2018ರಲ್ಲಿ ಪತ್ರಕರ್ತೆಯರನ್ನು ಹೀನಾಯವಾಗಿ ಬೈದಿದ್ದ ಬರಹವೊಂದನ್ನು ಫೇಸ್‌ಬುಕ್‌ನಲ್ಲಿ ಹಂಚಿಕೊಂಡರು. ಬರೆದವರು ಅವರಲ್ಲ. ಓದದೆ ಹಂಚಿದೆ ಎಂದರು, ಅಳಿಸಿದರು, ಕ್ಷಮೆಯನ್ನೂ ಕೇಳಿದರು. ಆದರೂ ಹಂಚಿದವರೇ ಹೊಣೆ ಹೊರಬೇಕೆಂದು 2023ರಲ್ಲಿ ಮದ್ರಾಸ್ ಹೈಕೋರ್ಟ್ ಹೇಳಿತು. ಸುಪ್ರೀಂ ಕೋರ್ಟಿನಲ್ಲಿ ಅವರ ವಕೀಲರು, ಅಂದು ಕಣ್ಣಿಗೆ ಔಷಧಿ ಹಾಕಿಕೊಂಡಿದ್ದರಿಂದ ಓದಲಾಗಲಿಲ್ಲ ಎಂದರು. ಕೋರ್ಟು ಒಪ್ಪಲಿಲ್ಲ. 2024ರ ಫೆಬ್ರವರಿಯಲ್ಲಿ ಚೆನ್ನೈನ ವಿಶೇಷ ನ್ಯಾಯಾಲಯ ಒಂದು ತಿಂಗಳ ಸಜೆ, 15,000 ರೂಪಾಯಿ ದಂಡ ವಿಧಿಸಿತು. ಅವರು ಮೇಲ್ಮನವಿ ಹಾಕಿದರು.

ಪೊರೆಗೆ ಆಪರೇಷನ್ ಮಾಡಿಸಿಕೊಂಡ ನಮ್ಮ ವಯಸ್ಸಿನವರು ಇದನ್ನು ಎರಡು ಸಲ ಓದಬೇಕು. ಇನ್ನೊಬ್ಬರ ಮಾನ ಕಳೆಯುವ ಮಾತನ್ನು ಹರಡಿದರೆ ಭಾರತೀಯ ನ್ಯಾಯ ಸಂಹಿತೆಯ 356ನೇ ಕಲಮಿನಡಿ ಎರಡು ವರ್ಷದವರೆಗೆ ಸೆರೆವಾಸವಾಗಬಹುದು. ಬಾಯಲ್ಲಿ ಆಡಿದರೂ ಅಷ್ಟೇ, ಫೋನಿನಲ್ಲಿ ಒತ್ತಿದರೂ ಅಷ್ಟೇ.

ಸಂಜೆ ಮೊಮ್ಮಗಳ ಕೈ ಹಿಡಿದುಕೊಂಡು ಬೇಕರಿಗೆ ಹೋದೆ. ತಪ್ಪಾಯಿತೆಂದೆ. ಆತ ಮುಖ ಎತ್ತಲಿಲ್ಲ. "ಎರಡು ಹುಟ್ಟುಹಬ್ಬದ ಆರ್ಡರ್ ವಾಪಸ್ ಹೋಯ್ತು ಸಾರ್. ಯಾಕೆ ಅಂತ ಇವತ್ತು ಗೊತ್ತಾಯ್ತು" ಎಂದ. ಫೋಟೊ ಯಾವ ಊರಿನ ಕೇಕಿನದೋ. ಅವನ ಅಂಗಡಿಯಲ್ಲಿ ಆ ಬಗೆಯ ಕೇಕನ್ನೇ ಮಾಡುವುದಿಲ್ಲವಂತೆ.

ಮನೆಗೆ ಬಂದು, ಕಳಿಸಿದ್ದು ಸುಳ್ಳೆಂದು ಅದೇ ಗುಂಪುಗಳಿಗೆ ನನ್ನ ಹೆಸರು ಹಾಕಿ ಬರೆದೆ. ಮೊಮ್ಮಗಳು ಕಾಗುಣಿತ ತಿದ್ದಿದಳು. ಮೊದಲಿನದನ್ನು ಹನ್ನೊಂದು ಜನ ಮೆಚ್ಚಿದ್ದರು. ಇದಕ್ಕೆ ಇನ್ನೂ ಒಬ್ಬರೂ ಉತ್ತರಿಸಿಲ್ಲ. ಭಾನುವಾರ ಒಬ್ಬೊಬ್ಬರಿಗೇ ಫೋನ್ ಮಾಡುವುದೆಂದು ಇಬ್ಬರೂ ಪಟ್ಟಿ ಮಾಡಿಕೊಂಡಿದ್ದೇವೆ.