ನೀರಿನ ಮೀಟರಿನ ಗಾಜಿಗೆ ಹನಿಗಟ್ಟುವಿಕೆ: ಕಾರಣ ಮತ್ತು ಪರಿಹಾರ

ಮನೆಯ ಹೊರಗಿನ ಚೇಂಬರಿನಲ್ಲಿ ಅಳವಡಿಸಿದ ನೀರಿನ ಮೀಟರಿನ ಗಾಜಿಗೆ ಒಳಗಿನಿಂದ ಹನಿಗಟ್ಟಿ ಅಂಕಿಗಳು ಕಾಣದಂತಾಗುವುದು ಸಾಮಾನ್ಯ ದೂರು. ಅಂಕಿ ಓದಲಾಗದಿದ್ದಲ್ಲಿ ಸರಾಸರಿ ಲೆಕ್ಕದ ಬಿಲ್ಲು ಬರುವ ಸಂಭವವುಂಟು. ಆಗ ಗ್ರಾಹಕನು ಮೊದಲು ಬರುವುದು ಮೀಟರ್ ಮಾರಿದ ಅಂಗಡಿಗೆ. ಆದುದರಿಂದ ಈ ವಿಷಯವನ್ನು ವರ್ತಕರೂ ಸಣ್ಣ ಉತ್ಪಾದಕರೂ ಅರಿತಿರುವುದು ಅವಶ್ಯಕ.

ಹನಿಗಟ್ಟುವುದೇಕೆ?

ಗಾಳಿ ತಣಿದಂತೆಲ್ಲ ಅದು ಹಿಡಿದಿಡಬಲ್ಲ ನೀರಾವಿಯ ಪ್ರಮಾಣ ಕುಗ್ಗುತ್ತದೆ. 25 ಡಿಗ್ರಿ ಸೆಲ್ಸಿಯಸ್ ಉಷ್ಣತೆ ಹಾಗೂ ಶೇ. 80ರಷ್ಟು ಆರ್ದ್ರತೆಯುಳ್ಳ ಗಾಳಿಯು ಸುಮಾರು 21 ಡಿಗ್ರಿಗಿಂತ ತಣ್ಣಗಿನ ಗಾಜನ್ನು ಮುಟ್ಟಿದೊಡನೆ ಹನಿಯಾಗುತ್ತದೆ. ಮೀಟರಿನ ಮುದ್ರೆ ಸಡಿಲವಾಗಿದ್ದರೆ ಹಗಲು ಕಾಯ್ದ ಒಳಗಿನ ಗಾಳಿ ಹಿಗ್ಗಿ ಹೊರಹೋಗುತ್ತದೆ. ಇರುಳು ಕುಗ್ಗಿದಾಗ ಚೇಂಬರಿನ ತೇವದ ಗಾಳಿ ಒಳಸೇರುತ್ತದೆ. ಪ್ರಸ್ಥಭೂಮಿಯ ಮೇಲಿರುವ ಬೀದರ್ ರಾಜ್ಯದ ಅತಿ ಚಳಿಯ ಊರುಗಳಲ್ಲಿ ಒಂದು. ಮಳೆಗಾಲದಲ್ಲಿ ಸೇರಿದ ತೇವವು ಚಳಿಗಾಲದ ಬೆಳಗಿನಲ್ಲಿ ಗಾಜಿನ ಮೇಲೆ ಕಾಣಿಸಿಕೊಳ್ಳುವುದು ಸಹಜ.

ಇದರಿಂದ ಅಳತೆ ಕೆಡುತ್ತದೆಯೆಂಬ ಶಂಕೆ ಸಾಮಾನ್ಯವಾಗಿ ನಿರಾಧಾರ. ಒಣ ಡಯಲ್ ಮೀಟರಿನಲ್ಲಿ ನೀರಿನೊಳಗೆ ತಿರುಗುವ ಚಕ್ರದ ಚಲನೆಯು ಅಯಸ್ಕಾಂತದ ಮೂಲಕ ಮೇಲಿನ ಅಂಕಿಯಂತ್ರಕ್ಕೆ ತಲುಪುತ್ತದೆ. ಗಾಜಿನ ಹನಿ ಅದನ್ನು ತಡೆಯದು. ಕೆಡುವುದು ಓದುವಿಕೆ ಮಾತ್ರ.

ಮೀಟರಿನ ಆಯ್ಕೆ

ಒಣ ಡಯಲ್ ಮೀಟರುಗಳಲ್ಲಿ ಪ್ಲಾಸ್ಟಿಕ್ ಕವಚಕ್ಕೆ ರಬ್ಬರ್ ಉಂಗುರ ಕೂರಿಸಿದವು ಅಗ್ಗ. ಉಂಗುರ ಸವೆದಂತೆ ತೇವ ನುಸುಳುತ್ತದೆ. ತಾಮ್ರದ ಡಬ್ಬಿಗೆ ಗಾಜನ್ನು ಬಿಗಿಯಾಗಿ ಮುದ್ರಿಸಿದ, ಐಪಿ 68 ದರ್ಜೆಯ ಅಂಕಿಯಂತ್ರಕ್ಕೆ ಬೆಲೆ ಹೆಚ್ಚಾದರೂ ಚೇಂಬರಿಗೆ ಅದೇ ಯೋಗ್ಯ. ಡಯಲು ನೀರಿನಲ್ಲೇ ಮುಳುಗಿರುವ ಮಾದರಿಯಲ್ಲಿ ಒಳಗೆ ಹನಿಗಟ್ಟುವ ಪ್ರಶ್ನೆಯಿಲ್ಲ. ಆದರೆ ಕೆಸರು ನೀರಿನಿಂದ ಗಾಜು ಮಂಕಾಗುತ್ತದೆ. ಯಾವ ಮಾದರಿಯೇ ಆಗಲಿ, ಗೃಹಬಳಕೆಯ ಮೀಟರುಗಳ ಭಾರತೀಯ ಮಾನಕವಾದ ಐಎಸ್ 779ರ ಗುರುತನ್ನು ನೋಡಿಯೇ ಖರೀದಿಸತಕ್ಕದ್ದು.

ಹಿಂದಿರುಗಿ ಬಂದ ಮೀಟರನ್ನು ಪರೀಕ್ಷಿಸುವುದು ಸುಲಭ. ಗಾಜಿನ ಮೇಲೆ ಕೆಲವು ನಿಮಿಷ ಮಂಜುಗಡ್ಡೆಯ ಚೂರನ್ನಿಟ್ಟು, ಬಳಿಕ ಒಣ ಬಟ್ಟೆಯಿಂದ ಒರೆಸಬೇಕು. ಮಸುಕು ಹೋದರೆ ಅದು ಹೊರಗಿನದು. ಉಳಿದರೆ ಒಳಗೆ ತೇವ ಸೇರಿದೆಯೆಂದು ತಿಳಿಯಬೇಕು.

ಚೇಂಬರಿನ ಪಾತ್ರ

ಉತ್ತಮ ಮೀಟರನ್ನೂ ನೀರು ನಿಂತ ಗುಂಡಿಯಲ್ಲಿಡುವುದು ತರವಲ್ಲ. ಇಲ್ಲಿ ಮಣ್ಣಿನ ಗುಣ ಮುಖ್ಯ. ಬೀದರಿನ ಕೆಂಪು ಜಂಬಿಟ್ಟಿಗೆ ನೆಲದಲ್ಲಿ ನೀರು ಬೇಗ ಇಂಗುತ್ತದೆ. ತಳಕ್ಕೆ ಜಲ್ಲಿ ಹಾಸಿದರೆ ಬಹುತೇಕ ಸಾಕು. ಭಾಲ್ಕಿ ಹಾಗೂ ಔರಾದ ಭಾಗದ ಕಪ್ಪು ಎರೆಮಣ್ಣು ನೀರನ್ನು ಹಿಡಿದಿಡುತ್ತದೆ. ಮಳೆಯಲ್ಲಿ ಹಿಗ್ಗಿ, ಬೇಸಿಗೆಯಲ್ಲಿ ಬಿರಿದು ಇಟ್ಟಿಗೆಯ ಗೋಡೆಯನ್ನೇ ಸೀಳುತ್ತದೆ. ಅಲ್ಲಿ ಜಲ್ಲಿಯ ಜೊತೆಗೆ ನೀರು ಹೊರಹೋಗುವ ಕೊಳವೆ ಬೇಕು. ಇಲ್ಲವೆ ಮೀಟರನ್ನು ನೆಲಮಟ್ಟದಿಂದ ಮೇಲೆ, ಗೋಡೆಗೆ ಹೊಂದಿದ ಪೆಟ್ಟಿಗೆಯಲ್ಲಿ ಕೂರಿಸುವುದು ಲೇಸು. ಆದರೆ ಎತ್ತರ ಬದಲಿಸುವ ಮುನ್ನ ನೀರು ಪೂರೈಸುವ ಸಂಸ್ಥೆಯ ಒಪ್ಪಿಗೆ ಪಡೆಯಬೇಕು. ಪೆಟ್ಟಿಗೆಗೆ ಗಾಳಿಯಾಡುವ ಕಿಂಡಿಗಳಿರಬೇಕು. ಮುಚ್ಚಳವು ಮಳೆನೀರನ್ನು ಹೊರಕ್ಕೆ ಹರಿಸುವಂತಿರಬೇಕು.

ಮಾಡಬಾರದ್ದು

ಹನಿಯನ್ನು ಒರೆಸಲೆಂದು ಮುದ್ರೆ ಒಡೆಯುವುದು, ಗಾಜಿಗೆ ರಂಧ್ರ ಕೊರೆಯುವುದು, ಬೆಂಕಿಯಿಂದ ಕಾಯಿಸುವುದು ಸಲ್ಲದು. ಮುದ್ರೆ ಒಡೆದ ಮೀಟರನ್ನು ಕೈಚಳಕಕ್ಕೆ ಒಳಗಾದದ್ದೆಂದು ಭಾವಿಸಲಾಗುತ್ತದೆ, ನಷ್ಟ ಗ್ರಾಹಕನದೇ. ಒಳಗೆ ತೇವ ಸೇರಿದ್ದು ಖಾತರಿಯಾದರೆ ಖಾತರಿ ಅವಧಿಯೊಳಗೆ ಉತ್ಪಾದಕರಿಗೆ ಮರಳಿಸಿ ಬದಲಿ ಪಡೆಯುವುದೇ ಸರಿಯಾದ ಮಾರ್ಗ. ಇದಕ್ಕಾಗಿ ಪ್ರತಿ ಮೀಟರಿನ ಕ್ರಮಸಂಖ್ಯೆಯನ್ನು ರಸೀದಿಯಲ್ಲಿ ಬರೆಯುವ ರೂಢಿಯನ್ನು ವರ್ತಕರು ಪಾಲಿಸುವುದು ಹಿತಕರ.

ಸ್ಥಳೀಯ ಅವಕಾಶ

ಮೀಟರ್ ತಯಾರಿಕೆಗೆ ನಿಖರ ಯಂತ್ರಗಳೂ ಪರೀಕ್ಷಾ ವ್ಯವಸ್ಥೆಯೂ ಬೇಕು. ಆದರೆ ಪೆಟ್ಟಿಗೆಯ ತಯಾರಿಕೆ ಬೀದರಿನ ಕೊಳಾರ ಕೈಗಾರಿಕಾ ಪ್ರದೇಶದಂತಹ ಕಡೆಗಳ ಸಣ್ಣ ಘಟಕಗಳ ಅಳವಿನಲ್ಲಿದೆ. ಗೃಹಬಳಕೆಯ ಮೀಟರ್ ಪೆಟ್ಟಿಗೆಗಳಿಗೆ ಐಎಸ್ 2104 ಎಂಬ ಮಾನಕವೇ ಇದೆ. 2019ರಲ್ಲಿ ಆರಂಭವಾದ ಜಲಜೀವನ್ ಮಿಷನ್ನಿನಿಂದ ಹಳ್ಳಿಗಳಲ್ಲಿಯೂ ಮನೆಮನೆಗೆ ನಳ ಬಂದಿರುವುದರಿಂದ ಪೆಟ್ಟಿಗೆಯ ಬೇಡಿಕೆ ಪೇಟೆಗಷ್ಟೇ ಸೀಮಿತವಲ್ಲ. ಎರೆನೆಲಕ್ಕೆ ಹೊಂದುವ, ನೀರು ನಿಲ್ಲದ ಪೆಟ್ಟಿಗೆಯನ್ನು ರೂಪಿಸುವ ಉತ್ಪಾದಕನು ಗ್ರಾಹಕನ ದೂರನ್ನೂ ವರ್ತಕನ ತಲೆನೋವನ್ನೂ ಒಟ್ಟಿಗೇ ನಿವಾರಿಸಿದಂತಾಗುತ್ತದೆ.