ಉಬ್ಬಬೇಕಾದ್ದು ಅಡುಗೆ, ಡಬ್ಬಿ ಅಲ್ಲ

ಇಂಟರ್ನಲ್ಸ್ ಮುಗಿದ ಶನಿವಾರ ನಮ್ಮ ರೂಮಿನಲ್ಲಿ ಒಂದು ಜರ್ಮನ್ ಅಡುಗೆ ಆಯ್ತು. ನಾವು ನಾಲ್ಕು ಮಂದಿ: ಬಾಗಲಕೋಟೆಯವನೊಬ್ಬ, ಬಾದಾಮಿಯವನೊಬ್ಬ, ಹುನಗುಂದದವನೊಬ್ಬ, ಇಳಕಲ್ಲಿನವನೊಬ್ಬ. ನವನಗರದಲ್ಲಿ ಬಾಡಿಗೆ ರೂಮು, ಎರಡು ಬರ್ನರಿನ ಗ್ಯಾಸ್ ಒಲೆ, ಊರಿಂದ ತಂದ ರೊಟ್ಟಿ ಹಂಚು. ಓವನ್ ಇಲ್ಲ. ಎಂ.ಎಸ್. ಮಾಡಲು ಜರ್ಮನಿಗೆ ಹೋದ ನಮ್ಮ ಸೀನಿಯರ್ ಅಣ್ಣ ಫೋನಿನಲ್ಲಿ, "ಇಲ್ಲಿ ಸ್ಟೂಡೆಂಟ್ಸ್ ಬದುಕೋದೇ ಔಫ್‌ಲೌಫ್ ಮ್ಯಾಲ, ನೀವೂ ಒಮ್ಮೆ ಮಾಡಿ ನೋಡ್ರಿ" ಅಂದಿದ್ದ. ಅಲ್ಲಿಂದ ಶುರುವಾಯ್ತು.

ಔಫ್‌ಲೌಫ್ ಅಂದರೆ ಆಲೂಗಡ್ಡೆ ಅಥವಾ ಪಾಸ್ತಾ, ಮಾಂಸ, ತರಕಾರಿಗಳನ್ನು ಒಂದೇ ಪಾತ್ರೆಯಲ್ಲಿ ಪದರ ಪದರವಾಗಿ ಜೋಡಿಸಿ, ಮೇಲೆ ಹಾಲು, ಮೊಟ್ಟೆ, ಚೀಸ್ ಹಾಕಿ ಬೇಯಿಸುವ ಅಡುಗೆ. ಬೇಯುವಾಗ ಮೇಲಕ್ಕೆ ಉಬ್ಬುತ್ತದೆ, ಅದಕ್ಕೇ ಆ ಹೆಸರು. ಅದೇ ಜರ್ಮನ್ ಪದಕ್ಕೆ ಜನ ಗುಂಪುಗೂಡುವುದು ಎಂಬ ಅರ್ಥವೂ ಇದೆ. ನಾಲ್ಕು ಮಂದಿ ಇರುವ ನಮ್ಮ ರೂಮಿಗೆ ಎರಡೂ ಅರ್ಥ ಸರಿಹೋದವು. "ಜರ್ಮನ್ನರು ನಮ್ಮ ಕಡೆ ಹೊಸಬರೇನಲ್ಲ ಬಿಡ್ರಿ" ಅಂದ ಬಾದಾಮಿಯವ. ಅದೂ ನಿಜವೇ. 19ನೆಯ ಶತಮಾನದಲ್ಲಿ ಬಾಸೆಲ್ ಮಿಷನ್ನಿನವರು ಅವನ ಊರಿನ ಪಕ್ಕದ ಗುಳೇದಗುಡ್ಡದಲ್ಲಿ ಕೇಂದ್ರ ನಡೆಸಿದ್ದರು.

ಅಣ್ಣ ಹೇಳಿದ ಅಡುಗೆಗೆ ಡಬ್ಬಿಯಲ್ಲಿ ಬರುವ ಬೇಯಿಸಿದ ಮಾಂಸ ಬೇಕು. ಎಲ್ಲರೂ ದುಡ್ಡು ಹಾಕಿ ಚಿಕನ್ನಿನ ಎರಡು ಡಬ್ಬಿ ತಂದೆವು. ಮನೆಗೆ ಬಂದು ಟೇಬಲ್ ಮೇಲೆ ಇಟ್ಟಾಗ ಒಂದು ಡಬ್ಬಿ ನೆಟ್ಟಗೆ ನಿಲ್ಲಲಿಲ್ಲ, ಅಲುಗಾಡಿತು. ತಿರುಗಿಸಿ ನೋಡಿದರೆ ಮೇಲೂ ಕೆಳಗೂ ಉಬ್ಬಿದೆ. ಹೆಬ್ಬೆರಳಿನಿಂದ ಒತ್ತಿದರೆ ಒಳಗೆ ಹೋಗಿ ಮತ್ತೆ ಟಕ್ ಅಂತ ಹೊರಗೆ ಬರುತ್ತದೆ.

"ಏನಾಗ್ತೈತಿ ಬಿಡಲೇ, ಚಲೋತ್ನಂಗ ಕುದಿಸಿದ್ರ ಎಲ್ಲಾ ಸತ್ತ ಹೋಗ್ತಾವ" ಅಂದ ಹುನಗುಂದದವ. ತಿಂಗಳ ಕೊನೆ, ಕೈಯಲ್ಲಿ ದುಡ್ಡಿಲ್ಲ, ಹೊಟ್ಟೆ ಹಸಿದಿದೆ. ಅವನ ಮಾತು ಎಲ್ಲರಿಗೂ ಸರಿ ಅನ್ನಿಸಿತ್ತು. ಇಳಕಲ್ಲಿನವ ಒಬ್ಬನೇ, "ಒಂದ್ ಹತ್ತ್ ನಿಮಿಷ ತಡೀರಿ, ಓದಿ ನೋಡೋಣು" ಅಂದ. ಆ ಹತ್ತು ನಿಮಿಷದಲ್ಲಿ ತಿಳಿದದ್ದನ್ನು ಹೇಳುವುದಕ್ಕೇ ಈ ಲೇಖನ.

ಡಬ್ಬಿಯ ಕಥೆ

ಆಹಾರವನ್ನು ಬಾಟಲಿಯಲ್ಲಿ ಹಾಕಿ, ಬಾಯಿ ಬಿಗಿದು, ಕುದಿಯುವ ನೀರಲ್ಲಿಟ್ಟರೆ ತಿಂಗಳುಗಟ್ಟಲೆ ಕೆಡುವುದಿಲ್ಲ ಎಂದು ತೋರಿಸಿದವನು ಫ್ರಾನ್ಸಿನ ಮಿಠಾಯಿಗಾರ ನಿಕೊಲಾ ಅಪೇರ್. 1810ರಲ್ಲಿ ಅವನ ಪುಸ್ತಕ ಬಂತು. ಅದೇ ವರ್ಷ ಇಂಗ್ಲೆಂಡಿನಲ್ಲಿ ಪೀಟರ್ ಡುರಾಂಡ್ ತಗಡಿನ ಡಬ್ಬಿಗೆ ಪೇಟೆಂಟ್ ಪಡೆದ. ಡಬ್ಬಿ ತೆರೆಯುವ ಓಪನರ್ ಬರಲು ಮತ್ತೆ ನಾಲ್ಕು ದಶಕ ಬೇಕಾಯಿತು, ಅಲ್ಲಿಯವರೆಗೆ ಉಳಿ, ಸುತ್ತಿಗೆಯೇ ಗತಿ. ಆಹಾರ ಯಾಕೆ ಕೆಡುವುದಿಲ್ಲ ಎಂಬುದು ಅಪೇರನಿಗೂ ಗೊತ್ತಿರಲಿಲ್ಲ. ಸೂಕ್ಷ್ಮಜೀವಿಗಳ ಕಾರಣ ತಿಳಿದದ್ದು ಪಾಶ್ಚರನ ಕಾಲಕ್ಕೆ.

ಜರ್ಮನಿಯಲ್ಲಿ ಇನ್ನೊಂದು ಕಥೆ ನಡೆದಿತ್ತು. ವುರ್ಟೆಂಬರ್ಗ್ ಸೀಮೆಯಲ್ಲಿ ಸಾಸೇಜ್ ತಿಂದವರು ಸಾಯುತ್ತಿದ್ದರು. ಯುಸ್ಟಿನುಸ್ ಕೆರ್ನರ್ ಎಂಬ ವೈದ್ಯ (ಕವಿಯೂ ಹೌದು) 1820 ಮತ್ತು 1822ರಲ್ಲಿ ಈ ವಿಷದ ಬಗ್ಗೆ ವಿವರವಾಗಿ ಬರೆದ. ಲ್ಯಾಟಿನ್ನಿನಲ್ಲಿ ಸಾಸೇಜಿಗೆ 'ಬೊಟುಲಸ್' ಎನ್ನುತ್ತಾರೆ, 'ಬೊಟುಲಿಸಂ' ಎಂಬ ಕಾಯಿಲೆಯ ಹೆಸರು ಅಲ್ಲಿಂದ ಬಂದದ್ದು. 1895ರಲ್ಲಿ ಬೆಲ್ಜಿಯಂನ ಒಂದು ಹಳ್ಳಿಯಲ್ಲಿ ಕೆಟ್ಟ ಹಂದಿಮಾಂಸ ತಿಂದು ವಾದ್ಯಗಾರರು ಕಾಯಿಲೆ ಬಿದ್ದಾಗ ಎಮಿಲ್ ವಾನ್ ಎರ್ಮೆಂಗೆಮ್ ಅದಕ್ಕೆ ಕಾರಣವಾದ ಬ್ಯಾಕ್ಟೀರಿಯಾವನ್ನು ಹಿಡಿದ. ಅದೇ ಕ್ಲಾಸ್ಟ್ರಿಡಿಯಂ ಬೊಟುಲಿನಂ.

ಈ ಬ್ಯಾಕ್ಟೀರಿಯಾಕ್ಕೆ ಗಾಳಿ ಬೇಡ. ಗಾಳಿ ತೆಗೆದ ಡಬ್ಬಿಯೇ ಅದಕ್ಕೆ ಹೇಳಿ ಮಾಡಿಸಿದ ಮನೆ. ಕಷ್ಟ ಬಂದರೆ ಅದು ಸ್ಪೋರ್ ಆಗಿ ಗಟ್ಟಿ ಚಿಪ್ಪಿನೊಳಗೆ ಕೂತುಬಿಡುತ್ತದೆ. ಆ ಸ್ಪೋರು ಕುದಿಯುವ ನೀರಿಗೂ ಜಗ್ಗುವುದಿಲ್ಲ.

ಕುದಿಸಿದರೆ ಸಾಕೇ? ಲೆಕ್ಕ ಹಾಕೋಣ

ಸ್ಪೋರ್‌ಗಳ ಸಂಖ್ಯೆ ಹತ್ತರಲ್ಲಿ ಒಂದು ಪಾಲಿಗೆ ಇಳಿಯಲು ಬೇಕಾಗುವ ಸಮಯಕ್ಕೆ 'ಡಿ ವ್ಯಾಲ್ಯೂ' ಎನ್ನುತ್ತಾರೆ. 121 ಡಿಗ್ರಿ ಸೆಲ್ಸಿಯಸ್‌ನಲ್ಲಿ ಬೊಟುಲಿನಂಗೆ ಅದು ಸುಮಾರು 0.21 ನಿಮಿಷ. ಡಬ್ಬಿ ಉದ್ಯಮದವರು ಇಂಥ 12 ಇಳಿಕೆ ಆಗಲೇಬೇಕು ಎಂದು ನಿಯಮ ಇಟ್ಟುಕೊಂಡಿದ್ದಾರೆ. ಅಂದರೆ 12 × 0.21, ಹೆಚ್ಚೂಕಡಿಮೆ ಎರಡೂವರೆ ನಿಮಿಷ. ಅದೂ ಡಬ್ಬಿಯ ನಟ್ಟನಡುವಿನ ಬಿಂದು 121 ಡಿಗ್ರಿ ಮುಟ್ಟಿದ ಮೇಲೆ.

ಉಷ್ಣತೆ 10 ಡಿಗ್ರಿ ಇಳಿದರೆ ಬೇಕಾದ ಸಮಯ ಹತ್ತು ಪಟ್ಟು. 111ರಲ್ಲಿ 25 ನಿಮಿಷ. 101ರಲ್ಲಿ ನಾಲ್ಕು ತಾಸು ದಾಟುತ್ತದೆ. ಬಾಗಲಕೋಟೆ ಸಮುದ್ರಮಟ್ಟದಿಂದ 500 ಮೀಟರಿಗಿಂತ ಎತ್ತರದಲ್ಲಿದೆ, ಇಲ್ಲಿ ನೀರು 98 ಡಿಗ್ರಿಯ ಆಸುಪಾಸಿನಲ್ಲೇ ಕುದಿಯುತ್ತದೆ. ಆಗ ಬೇಕಾದದ್ದು 8 ತಾಸಿಗೂ ಹೆಚ್ಚು! ಇಷ್ಟು ಕುದಿಸಿದ ಮಾಂಸವನ್ನು ಯಾರು ತಿನ್ನುತ್ತಾರೆ? ಅದಕ್ಕೇ ಕಾರ್ಖಾನೆಯಲ್ಲಿ ಒತ್ತಡದ ಉಗಿ ಬಳಸುತ್ತಾರೆ. ಆ ಯಂತ್ರಕ್ಕೆ ರಿಟಾರ್ಟ್ ಎನ್ನುತ್ತಾರೆ, ನಮ್ಮ ಕುಕ್ಕರಿನ ದೊಡ್ಡಣ್ಣ ಅನ್ನಿ.

"ಹಂಗಾದ್ರ ಸ್ಪೋರ್ ಬ್ಯಾರೆ, ವಿಷ ಬ್ಯಾರೆ?" ಅಂತ ಹುನಗುಂದದವ ಕೇಳಿದ. ಪ್ರಶ್ನೆ ಸರಿಯಾಗಿಯೇ ಇತ್ತು. ಬ್ಯಾಕ್ಟೀರಿಯಾ ಬಿಡುವ ವಿಷ ಕುದಿತಕ್ಕೆ ಹಾಳಾಗುತ್ತದೆ, ನಿಜ. ಆದರೆ ಅದರ ಭರವಸೆಯ ಮೇಲೆ ಉಬ್ಬಿದ ಡಬ್ಬಿ ತೆರೆಯಬಾರದು. ತೆರೆಯುವಾಗಲೇ ಒಳಗಿನದು ಚಿಮ್ಮಿ ಕೈಗೆ, ಕಣ್ಣಿಗೆ, ಬೇರೆ ಅಡುಗೆಗೆ ಸಿಡಿಯಬಹುದು. ರುಚಿ ನೋಡಿ ಪರೀಕ್ಷಿಸೋಣ ಅಂದರೆ ಅದೇ ಕೊನೆಯ ರುಚಿಯಾದೀತು, ಈ ವಿಷಕ್ಕೆ ಅಷ್ಟು ಕಡಿಮೆ ಪ್ರಮಾಣ ಸಾಕು. ದೃಷ್ಟಿ ಎರಡೆರಡಾಗುವುದು, ರೆಪ್ಪೆ ಜೋತುಬೀಳುವುದು, ಮಾತು ತೊದಲುವುದು, ಆಮೇಲೆ ಉಸಿರಾಟದ ಸ್ನಾಯುಗಳೇ ಸೋಲುವುದು. ಇಂಥ ಲಕ್ಷಣ ಕಂಡರೆ ತಡಮಾಡದೆ ಆಸ್ಪತ್ರೆಗೆ ಹೋಗಬೇಕು.

ಚೆನ್ನಾಗಿರುವ ಡಬ್ಬಿಯ ಮುಚ್ಚಳ ಸ್ವಲ್ಪ ಒಳಕ್ಕೆ ಬಾಗಿರುತ್ತದೆ. ಬಿಸಿಯಿರುವಾಗ ಮುಚ್ಚುತ್ತಾರೆ, ಆರಿದಾಗ ಒಳಗಿನ ಉಗಿ ನೀರಾಗಿ ನಿರ್ವಾತ ಉಂಟಾಗುತ್ತದೆ. ಉಬ್ಬಿದೆ ಅಂದರೆ ಒಳಗೆ ಅನಿಲ ಸೇರಿದೆ. ಅದು ತಗಡು ಸವೆದು ಬಂದ ಹೈಡ್ರೋಜನ್ ಇರಬಹುದು, ಬ್ಯಾಕ್ಟೀರಿಯಾ ಬಿಟ್ಟದ್ದಿರಬಹುದು. ಹೊರಗಿನಿಂದ ಹೇಳಲು ಬರುವುದಿಲ್ಲ. ಹೀಗಾಗಿ ಉಬ್ಬಿದ್ದು, ಸೋರಿದ್ದು, ಆಳವಾಗಿ ತುಕ್ಕು ಹಿಡಿದದ್ದು, ಅಂಚಿನ ಹೊಲಿಗೆಯ ಹತ್ತಿರ ಜಜ್ಜಿಹೋದದ್ದು ಯಾವುದೂ ಬೇಡ. ವಾಸನೆ ಸರಿಯಿದೆ ಎನ್ನುವುದು ಪುರಾವೆಯಲ್ಲ.

ನಾವು ಆ ಡಬ್ಬಿಯನ್ನು ತೆರೆಯದೆ ಎರಡು ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ, ನಾಯಿ, ಹಂದಿಗೆ ಸಿಗದ ಹಾಗೆ ಕಸಕ್ಕೆ ಕೊಟ್ಟೆವು. ದುಡ್ಡು ಹೋಯಿತು ಅಂತ ಹೊಟ್ಟೆ ಉರಿದದ್ದು ಸುಳ್ಳಲ್ಲ.

ನಮ್ಮ ಅಜ್ಜಿಯರ ದಾರಿ

ಆಮೇಲೆ ಹೊಳೆಯಿತು, ಕೆಡದಂತೆ ಇಡುವ ವಿದ್ಯೆ ನಮ್ಮ ಕಡೆಯೂ ಇದೆ, ದಾರಿ ಮಾತ್ರ ಬೇರೆ. ಕಡಕ್ ರೊಟ್ಟಿ, ಶೇಂಗಾ ಹಿಂಡಿ, ಹುನಗುಂದ ತಾಲ್ಲೂಕಿನ ಅಮೀನಗಡದ ಕರದಂಟು, ಇವ್ಯಾವುದಕ್ಕೂ ಡಬ್ಬಿಯ ನಿರ್ವಾತ ಬೇಡ. ಬ್ಯಾಕ್ಟೀರಿಯಾಕ್ಕೆ ನೀರು ಬೇಕು. ರೊಟ್ಟಿಯಲ್ಲಿ ಬೆಂಕಿ ನೀರನ್ನು ತೆಗೆದಿದೆ, ಕರದಂಟಿನಲ್ಲಿ ಬೆಲ್ಲ ನೀರನ್ನು ಹಿಡಿದಿಟ್ಟಿದೆ. ಅಪೇರ್ ನೀರು ಬಿಟ್ಟು ಜೀವಿಯನ್ನು ಕೊಂದ, ನಮ್ಮವರು ಜೀವಿಗೆ ನೀರೇ ಸಿಗದಂತೆ ಮಾಡಿದರು.

ಎರಡೂ ದಾರಿ ಕೂಡುವುದು ಮೈಸೂರಿನಲ್ಲಿ. ಅಲ್ಲಿ 1961ರಲ್ಲಿ ಆರಂಭವಾದ ರಕ್ಷಣಾ ಆಹಾರ ಸಂಶೋಧನಾ ಪ್ರಯೋಗಾಲಯ ಸೈನಿಕರಿಗಾಗಿ ರಿಟಾರ್ಟ್ ಪೌಚಿನ ಸಿದ್ಧ ಆಹಾರ ರೂಪಿಸಿತು. ಪೌಚು ಡಬ್ಬಿಗಿಂತ ತೆಳು, ಶಾಖ ನಡುವಿಗೆ ಬೇಗ ಮುಟ್ಟುತ್ತದೆ. ಹೀಟ್ ಟ್ರಾನ್ಸ್‌ಫರ್ ಪರೀಕ್ಷೆಗೆ ಓದುವಾಗ ಇದನ್ನು ನೆನಪಿಡಿ.

ಈಗ ಅಡುಗೆ

ನಾಲ್ಕು ಮಂದಿಗೆ: ಆಲೂಗಡ್ಡೆ ಒಂದು ಕಿಲೋ, ಉಳ್ಳಾಗಡ್ಡಿ ಎರಡು, ಚಿಕನ್ ಡಬ್ಬಿ ಒಂದು, ಮೊಟ್ಟೆ ಮೂರು, ಹಾಲು ಕಾಲು ಲೀಟರ್, ತುರಿದ ಚೀಸ್ 100 ಗ್ರಾಂ, ಬೆಣ್ಣೆ, ಮೆಣಸಿನ ಪುಡಿ ಬದಲು ಕಾಳುಮೆಣಸು, ಚಿಟಿಕೆ ಜಾಜಿಕಾಯಿ. ಬ್ರೆಡ್ ಪುಡಿಯ ಬದಲು ಎರಡು ಕಡಕ್ ರೊಟ್ಟಿ.

ಆಲೂಗಡ್ಡೆಯನ್ನು ತೆಳ್ಳಗೆ ಬಿಲ್ಲೆ ಹೆಚ್ಚಿ ಎಂಟು ನಿಮಿಷ ಬೇಯಿಸಿ, ನೀರು ಬಸಿಯಿರಿ. ಉಳ್ಳಾಗಡ್ಡಿ ಬೆಣ್ಣೆಯಲ್ಲಿ ಹುರಿಯಿರಿ. ಅಗಲ ಬಾಯಿಯ ಸ್ಟೀಲ್ ಡಬರಿಗೆ ಬೆಣ್ಣೆ ಸವರಿ ಆಲೂಗಡ್ಡೆ, ಉಳ್ಳಾಗಡ್ಡಿ, ಚಿಕನ್, ಮತ್ತೆ ಆಲೂಗಡ್ಡೆ ಹೀಗೆ ಜೋಡಿಸಿ. ಡಬ್ಬಿಯ ಮಾಂಸ ಮೊದಲೇ ಬೆಂದಿರುತ್ತದೆ, ಕೈಯಾಡಿಸಿದರೆ ನಾರುನಾರಾಗುತ್ತದೆ. ಅದರಲ್ಲಿ ಉಪ್ಪೂ ಇರುತ್ತದೆ, ಆದ್ದರಿಂದ ಉಪ್ಪು ಕೈಹಿಡಿದು ಹಾಕಿ. ಹಾಲು, ಮೊಟ್ಟೆ, ಕಾಳುಮೆಣಸು, ಜಾಜಿಕಾಯಿ ಕಲಸಿ ಸುರಿಯಿರಿ. ಮೇಲೆ ಚೀಸ್, ಅದರ ಮೇಲೆ ಬೆಣ್ಣೆಯಲ್ಲಿ ಕಲಸಿದ ರೊಟ್ಟಿ ಪುಡಿ.

ಓವನ್ನಿಗೆ ಬದಲು ದಪ್ಪ ತಳದ ಹಳೆಯ ಪಾತೇಲಿ. ತಳದಲ್ಲಿ ಒಂದು ಇಂಚು ಉಪ್ಪು ಹರಡಿ, ಮೇಲೊಂದು ಸ್ಟ್ಯಾಂಡ್ ಇಟ್ಟು, ಮುಚ್ಚಿ ಹತ್ತು ನಿಮಿಷ ಕಾಸಿ. ಡಬರಿಯನ್ನು ಒಳಗಿಟ್ಟು ಸಣ್ಣ ಉರಿಯಲ್ಲಿ 40 ನಿಮಿಷ ಬೇಯಿಸಿ. ನಡುವೆ ಚಾಕು ಚುಚ್ಚಿದರೆ ಹಸಿ ಹಾಲು ಅಂಟಬಾರದು. ಶಾಖ ಕೆಳಗಿನಿಂದ ಬರುವುದರಿಂದ ಮೇಲ್ಭಾಗ ಕೆಂಪಾಗುವುದಿಲ್ಲ. ಅದಕ್ಕೆ ರೊಟ್ಟಿ ಹಂಚನ್ನು ಇನ್ನೊಂದು ಒಲೆಯಲ್ಲಿ ಚೆನ್ನಾಗಿ ಕಾಸಿ, ಇಕ್ಕಳದಿಂದ ಹಿಡಿದು ಪಾತೇಲಿಗೆ ಮುಚ್ಚಳದ ಬದಲು ಮುಚ್ಚಿ. ಹಂಚಿನ ವಿಕಿರಣ ಶಾಖಕ್ಕೆ ಹತ್ತು ನಿಮಿಷದಲ್ಲಿ ಮೇಲ್ಭಾಗ ಹೊಂಬಣ್ಣಕ್ಕೆ ಬರುತ್ತದೆ.

ಬಾದಾಮಿಯವ ಮಾಂಸ, ಮೊಟ್ಟೆ ಎರಡೂ ತಿನ್ನುವುದಿಲ್ಲ. ಅವನದನ್ನು ಬೇರೆ ಪಾತ್ರೆಯಲ್ಲಿ, ಬೇರೆ ಸೌಟಿನಲ್ಲಿ, ಮೊದಲು ಮಾಡಿದೆವು. ಚಿಕನ್ ಬದಲು ಬೇಯಿಸಿದ ಕಡಲೆ, ಮೊಟ್ಟೆ ಬದಲು ಹಾಲಿಗೆ ಎರಡು ಚಮಚ ಮೈದಾ ಹಾಕಿ ಕಾಸಿದ ಬಿಳಿ ಸಾಸ್. ಉಂಡದ್ದು ಮಾತ್ರ ಎಲ್ಲರೂ ಒಂದೇ ಚಾಪೆಯ ಮೇಲೆ. ಔಫ್‌ಲೌಫಿನ ಎರಡನೆಯ ಅರ್ಥ ಆಗ ಸಾರ್ಥಕವಾಯಿತು.

ಮಿಕ್ಕದ್ದೇನೂ ಉಳಿಯಲಿಲ್ಲ. ಉಳಿದರೆ ತೆರೆದ ಡಬ್ಬಿಯಲ್ಲೇ ಬಿಡಬೇಡಿ, ಬೇರೆ ಪಾತ್ರೆಗೆ ಹಾಕಿ ಫ್ರಿಜ್ಜಿನಲ್ಲಿಟ್ಟು ಎರಡು ಮೂರು ದಿನದಲ್ಲಿ ಮುಗಿಸಿ. ಬೇಸಿಗೆಯಲ್ಲಿ ತಗಡಿನ ಶೀಟಿನ ಕೆಳಗೆ ಡಬ್ಬಿ ಇಡಬೇಡಿ. ಮನೆಯ ಕುಕ್ಕರಿನಲ್ಲಿ ಮಾಂಸ ಡಬ್ಬಿ ಕಟ್ಟುವ ಸಾಹಸವಂತೂ ಬೇಡವೇ ಬೇಡ, ನಡುವಿನ ಬಿಂದು ಎಷ್ಟು ಕಾದಿದೆ ಎಂದು ನಮಗೆ ಗೊತ್ತಾಗುವುದಿಲ್ಲ.

ರಾತ್ರಿ ಅಣ್ಣನಿಗೆ ಫೋಟೊ ಕಳಿಸಿದೆವು. "ರೊಟ್ಟಿ ಪುಡಿ ಹಾಕೀರೇನ್ರೋ? ನನಗೂ ಒಂದಿಷ್ಟು ಕಡಕ್ ರೊಟ್ಟಿ ಕಳಸ್ರಿ" ಅಂತ ಉತ್ತರ ಬಂತು. ಹುನಗುಂದದವ ಈಗ ಅಂಗಡಿಗೆ ಹೋದರೆ ಯಾವ ಡಬ್ಬಿ ಕೊಳ್ಳುವ ಮೊದಲೂ ಹೆಬ್ಬೆರಳಿನಿಂದ ಒತ್ತಿ ನೋಡುತ್ತಾನೆ. ನೀವೂ ಒತ್ತಿ ನೋಡಿ.