ತೆಂಗಿನ ಗರಿಯಡಿಯ ಪತಂಗ

ದಕ್ಷಿಣ ಭಾರತ ಮತ್ತು ಶ್ರೀಲಂಕಾದ ತೆಂಗಿನ ತೋಟಗಳಲ್ಲಿ ನೆಲೆಸಿರುವ ಒಪಿಸಿನಾ ಅರೆನೋಸೆಲ್ಲಾ ಎಂಬ ಬೂದುಬಣ್ಣದ ಪುಟ್ಟ ಪತಂಗವನ್ನು ಕಂಡೊಡನೆ ಗುರುತಿಸಬಲ್ಲವರು ವಿರಳವಾದರೂ, ಅದರ ಮರಿಯಾದ ಕಪ್ಪುತಲೆ ಹುಳು ತಿಪಟೂರು, ಅರಸೀಕೆರೆಯ ಕಡೆಯ ಬೆಳೆಗಾರರಿಗೆ ಹಳೆಯ ಶತ್ರು. ಪತಂಗಕ್ಕೆ ಇರುವುದು ಒಂದು ವಾರದಷ್ಟು ಆಯುಷ್ಯ; ಅದು ಗರಿಯನ್ನು ತಿನ್ನುವುದಿಲ್ಲ, ಹಾನಿಯೆಲ್ಲ ಹುಳುವಿನದು.

ಹೆಣ್ಣು ಪತಂಗವು ಬಲಿತ ಗರಿಗಳ ಕೆಳಭಾಗದಲ್ಲಿ ನೂರಕ್ಕೂ ಹೆಚ್ಚು ಮೊಟ್ಟೆಗಳನ್ನಿಡುತ್ತದೆ. ಸುಮಾರು 5 ದಿನಗಳಲ್ಲಿ ಹೊರಬರುವ ಮರಿಗಳು ತಮ್ಮ ಹಿಕ್ಕೆಯನ್ನೇ ರೇಷ್ಮೆಯಂಥ ನೂಲಿನಿಂದ ಹೆಣೆದು ಗರಿಯುದ್ದಕ್ಕೂ ಸುರಂಗ ಕಟ್ಟಿಕೊಂಡು, ಅದರೊಳಗೆ ಅಡಗಿ ಎಲೆಯ ಹಸಿರು ಭಾಗವನ್ನು, ಅಂದರೆ ಬಿಸಿಲಿನಿಂದ ಮರಕ್ಕೆ ಆಹಾರ ತಯಾರಿಸುವ ಪದರವನ್ನು, ಕೆರೆದು ತಿನ್ನುತ್ತವೆ. ಮೇಲಿನ ತೆಳು ಪೊರೆ ಮಾತ್ರ ಉಳಿದು ಒಣಗುವುದರಿಂದ ತೋಟವು ದೂರದಿಂದ ಬೆಂಕಿ ತಗುಲಿದಂತೆ ಕಾಣುತ್ತದೆ. ಸುಳಿಯ ಸುತ್ತಲಿನ ಕೆಲವು ಎಳೆಯ ಗರಿಗಳಷ್ಟೇ ಹಸಿರಾಗಿರುತ್ತವೆ. ಮರ ಸಾಮಾನ್ಯವಾಗಿ ಸಾಯದಿದ್ದರೂ ಹೊಂಬಾಳೆಗಳು ಕಡಿಮೆಯಾಗಿ, ಇಳುವರಿ ಮೊದಲಿನಂತಾಗಲು ವರ್ಷಗಳು ಬೇಕಾಗುವುದರಿಂದ, ತೆಂಗನ್ನೇ ನಂಬಿದ ಕುಟುಂಬಕ್ಕೆ ಇದು ಸಣ್ಣ ಪೆಟ್ಟಲ್ಲ. ಸುಮಾರು 40 ದಿನ ಮೇಯ್ದ ಹುಳು ಅದೇ ಸುರಂಗದಲ್ಲಿ ಕೋಶಾವಸ್ಥೆಗೆ, ಎಂದರೆ ಆಹಾರವಿಲ್ಲದೆ ರೂಪ ಬದಲಿಸುವ ಹಂತಕ್ಕೆ ಸೇರಿ, ಸುಮಾರು 12 ದಿನಗಳ ಬಳಿಕ ಪತಂಗವಾಗುತ್ತದೆ. ಈ ಪೀಡೆ ಬೇಸಿಗೆಯಲ್ಲಿ ಉಲ್ಬಣಿಸುತ್ತದೆ.

ಈ ಕೀಟದ ಬದುಕಿನಲ್ಲಿ ಹೆಚ್ಚು ಗಮನಿಸಬೇಕಾದದ್ದು ಅದರ ಪೀಳಿಗೆಗಳ ಹೊಂದಾಣಿಕೆ. ಉಷ್ಣವಲಯದ ಅನೇಕ ಕೀಟಗಳಲ್ಲಿ ಮೊಟ್ಟೆ, ಹುಳು, ಕೋಶಗಳೆಲ್ಲ ಏಕಕಾಲಕ್ಕೆ ಕಂಡುಬಂದರೆ, ಪೀಡಿತ ತೆಂಗಿನ ತೋಟದಲ್ಲಿ ಬಹುತೇಕ ಎಲ್ಲ ಹುಳುಗಳೂ ಒಂದೇ ಹಂತದಲ್ಲಿರುವುದುಂಟು. ಶ್ರೀಲಂಕಾದ ತೋಟಗಳ ಅಧ್ಯಯನದಿಂದ ಇದು 1980ರ ದಶಕದಲ್ಲೇ ವಿಶದವಾಯಿತು. ನಿಯಂತ್ರಣದ ಯಶಸ್ಸು ನಿಂತಿರುವುದೂ ಇದರ ಮೇಲೆಯೇ. ಎತ್ತರದ ಮರದಲ್ಲಿ, ಅದೂ ಸುರಂಗದೊಳಗಿರುವ ಹುಳುವಿಗೆ ಔಷಧ ತಲುಪಿಸುವುದು ಕಷ್ಟ. ತಲುಪಿದರೂ ಅದು ಹುಳುವಿನ ಸಹಜ ಶತ್ರುಗಳನ್ನೂ ಕೊಲ್ಲುತ್ತದೆ. ಹಾಗಾಗಿ ಗೋನಿಯೋಜಸ್ ನೆಫಾಂಟಿಡಿಸ್ ಎಂಬ ಚಿಕ್ಕ ಕಣಜವನ್ನು ಪ್ರಯೋಗಾಲಯಗಳಲ್ಲಿ ಬೆಳೆಸಿ ತೋಟಗಳಿಗೆ ಬಿಡಲಾಗುತ್ತದೆ. ಈ ಪರತಂತ್ರ ಜೀವಿ, ಅಂದರೆ ಇನ್ನೊಂದು ಕೀಟವನ್ನು ಉಂಡು ಬೆಳೆದು ಕೊನೆಗೆ ಅದನ್ನೇ ಕೊಲ್ಲುವ ಜೀವಿ, ಸುರಂಗ ಹೊಕ್ಕು ಹುಳುವನ್ನು ಚುಚ್ಚಿ ಜಡಗೊಳಿಸಿ ಅದರ ಮೈಮೇಲೆ ಮೊಟ್ಟೆಗಳನ್ನಿಟ್ಟು, ಮರಿಗಳು ಬೆಳೆಯುವವರೆಗೂ ಪಕ್ಕದಲ್ಲೇ ಕಾವಲಿರುತ್ತದೆ. ಕೀಟಲೋಕದಲ್ಲಿ ಇಂಥ ತಾಯ್ತನ ಅಪರೂಪ. ಆದರೆ ಅದಕ್ಕೆ ಬೇಕಾದದ್ದು ಬಲಿತ ಹುಳು. ತೋಟದಲ್ಲಿ ಮೊಟ್ಟೆಗಳೋ ಕೋಶಗಳೋ ತುಂಬಿರುವಾಗ ಬಿಟ್ಟ ಕಣಜಗಳು ವ್ಯರ್ಥವಾಗುವುದರಿಂದ, ಕಣಜ ಬಿಡುವ ಮುನ್ನ ಕೆಲವು ಗರಿಗಳನ್ನು ಕಡಿದು, ಸುರಂಗ ಬಿಡಿಸಿ, ಹುಳು ಯಾವ ಹಂತದಲ್ಲಿದೆ ಎಂದು ನೋಡಿಕೊಳ್ಳಬೇಕಾಗುತ್ತದೆ.